ಛಾಯಾಗ್ರಹಣದ ಮುಂದೆ ಯಾರ ಹೆಸರು? ಬರ್ಮಾದ ಅನಾಮಿಕ ಕ್ಯಾಮೆರಾದವರ ಕುರಿತು ಒಂದು ಚರ್ಚೆ

ಬೆಳಕಿನಬೇಟೆ:

ನಮ್ಮ ಊರಿನ ಚಿತ್ರಸಮಾಜದಲ್ಲಿ ಪ್ರತಿ ಪ್ರದರ್ಶನಕ್ಕೂ ಒಂದು ಕರಪತ್ರ ಅಚ್ಚು ಹಾಕಿಸುವ ರೂಢಿ ಇದೆ, ಅದನ್ನು ಬರೆಯುವ ಹೊಣೆ ಆರು ವರ್ಷಗಳಿಂದ ನನ್ನದು. ನಿರ್ದೇಶನ, ಛಾಯಾಗ್ರಹಣ, ಸಂಕಲನ ಎಂದು ಒಂದರ ಕೆಳಗೊಂದು ಹೆಸರು ಹಾಕಿ, ಛಾಯಾಗ್ರಾಹಕರ ಬಗ್ಗೆ ನಾಲ್ಕು ಸಾಲು ಹೆಚ್ಚಾಗಿಯೇ ಬರೆಯುತ್ತೇನೆ. ಸಿನಿಮಾ ನೋಡಿ ಹೊರಗೆ ಬಂದವರು ನಟರನ್ನು ನೆನೆಯುತ್ತಾರೆ, ನಿರ್ದೇಶಕರನ್ನು ನೆನೆಯುತ್ತಾರೆ, ಅಷ್ಟನ್ನೂ ತಮ್ಮ ಕಣ್ಣಿಗೆ ತಂದುಕೊಟ್ಟವರನ್ನು ಮಾತ್ರ ಮರೆತೇಬಿಡುತ್ತಾರೆ ಎಂಬ ಬೇಸರ ನನಗೆ ಮೊದಲಿನಿಂದಲೂ ಇದೆ. ಮುಂದಿನ ತಿಂಗಳು ‘ಮ್ಯಾನ್ಮಾರ್ ಡೈರೀಸ್’ ತೋರಿಸುವುದೆಂದು ನಿಶ್ಚಯವಾಗಿದೆ. ಕರಪತ್ರ ಬರೆಯಲು ಕುಳಿತಾಗ ‘ಛಾಯಾಗ್ರಹಣ’ ಎಂಬ ಪದದ ಮುಂದೆ ಕೈ ನಿಂತುಹೋಯಿತು.

ಮ್ಯಾನ್ಮಾರ್‌ನಲ್ಲಿ, ಅಂದರೆ ಹಿಂದಿನ ಬರ್ಮಾದಲ್ಲಿ, 2021ರ ಫೆಬ್ರುವರಿ 1ರಂದು ಸೇನೆ ಅಧಿಕಾರ ಕಿತ್ತುಕೊಂಡ ನಂತರದ ದಿನಗಳ ಚಿತ್ರ ಅದು. ಹತ್ತು ಮಂದಿ ಯುವ ಚಿತ್ರಕಾರರು ಮಾಡಿದ ಕಿರುಚಿತ್ರಗಳನ್ನೂ, ಸಾಮಾನ್ಯ ಜನ ಫೋನಿನಲ್ಲಿ ಹಿಡಿದ ದೃಶ್ಯಗಳನ್ನೂ ಒಂದರೊಳಗೊಂದು ಹೆಣೆದಿದ್ದಾರೆ. 2022ರ ಬರ್ಲಿನ್ ಚಿತ್ರೋತ್ಸವದಲ್ಲಿ ಸಾಕ್ಷ್ಯಚಿತ್ರಕ್ಕೆ ಮೀಸಲಾದ ಪ್ರಶಸ್ತಿ ಅದಕ್ಕೇ ಬಂದಿತು. ಆ ಹತ್ತು ಮಂದಿಯ ಹೆಸರು ಎಲ್ಲಿಯೂ ಇಲ್ಲ. ‘ಮ್ಯಾನ್ಮಾರ್ ಫಿಲ್ಮ್ ಕಲೆಕ್ಟಿವ್’ ಎಂದಷ್ಟೇ ಇದೆ.

ಹೆಸರು ಮಾತ್ರವಲ್ಲ, ಅಭಿನಯಿಸಿ ತೆಗೆದ ಭಾಗಗಳಲ್ಲಿ ಮುಖಗಳೂ ಇಲ್ಲ. ಕ್ಯಾಮೆರಾ ವ್ಯಕ್ತಿಯ ಬೆನ್ನ ಹಿಂದೆ ನಿಲ್ಲುತ್ತದೆ. ನಮಗೆ ಕಾಣುವುದು ಕತ್ತಿನ ಹಿಂಭಾಗ, ಕಿವಿಯ ಅಂಚು, ಕೈ, ಪಾದ. ಮೊದಲ ಹತ್ತು ನಿಮಿಷ ಇದು ಸುರಕ್ಷತೆಗಾಗಿ ಮಾಡಿದ ಏರ್ಪಾಡು ಎಂದುಕೊಂಡು ನೋಡಿದೆ. ಆಮೇಲೆ ನನಗೇ ತಿಳಿಯದಂತೆ ಆ ಕತ್ತುಗಳನ್ನು ಮುಖಗಳಂತೆ ಓದತೊಡಗಿದ್ದೆ. ಬಾಗಿಲು ತಟ್ಟಿದ ಸದ್ದಿಗೆ ಭುಜವೊಂದು ಸೆಟೆದುಕೊಳ್ಳುವುದರಲ್ಲಿ ಎಷ್ಟು ಭಯವಿದೆಯೆಂಬುದು, ಬಹುಶಃ ಕಣ್ಣು ಕಾಣಿಸಿದ್ದರೆ ನನಗೆ ಅಷ್ಟಾಗಿ ತಟ್ಟುತ್ತಿರಲಿಲ್ಲ.

ಈ ವೇದಿಕೆಯ ಹಿರಿಯರಲ್ಲಿ ಎರಡು ಪ್ರಶ್ನೆಗಳಿವೆ. ಹೆಸರೇ ಗೊತ್ತಿಲ್ಲದ ಛಾಯಾಗ್ರಾಹಕರ ದೃಶ್ಯಶೈಲಿ ಎಂದು ಮಾತನಾಡುವುದು ಸರಿಯೇ? ಮತ್ತು ಆ ಖಾಲಿ ಜಾಗದಲ್ಲಿ ನಾನು ಏನೆಂದು ಬರೆಯಲಿ?

ಹಳೇರೀಲು:

ಬೆಳಕಿನಬೇಟೆ ಅವರೇ, ನಿಮ್ಮ ಎರಡನೆಯ ಪ್ರಶ್ನೆಗೆ ಉತ್ತರ ನನಗೂ ಹೊಳೆದಿಲ್ಲ. ಮೊದಲನೆಯದಕ್ಕೆ ಮಾತ್ರ ಮೂವತ್ತು ವರ್ಷ ಮದುವೆ, ಜಾತ್ರೆ, ಸಭೆ ಸಮಾರಂಭಗಳ ವಿಡಿಯೊ ತೆಗೆದವನಾಗಿ ಒಂದಿಷ್ಟು ಹೇಳಬಲ್ಲೆ. ಬರ್ಮಾದ ಈ ಬಗೆಯ ಚಿತ್ರಣ 2021ರಲ್ಲಿ ಹುಟ್ಟಿದ್ದಲ್ಲ. ಆನ್ಡರ್ಸ್ ಓಸ್ಟರ್‌ಗಾರ್ಡ್ ಎಂಬ ಡೆನ್ಮಾರ್ಕಿನ ನಿರ್ದೇಶಕರ ‘ಬರ್ಮಾ ವಿಜೆ’ಯನ್ನು ತಾವು ನೋಡಿರಬಹುದು, ವಿಜೆ ಎಂದರೆ ವಿಡಿಯೊ ಪತ್ರಕರ್ತ. 2008ರ ಚಿತ್ರ, ಆಸ್ಕರ್ ನಾಮನಿರ್ದೇಶನದವರೆಗೂ ಹೋಯಿತು. ನಿರ್ದೇಶಕರು ಹೊರಗಿನವರಾದರೂ ಅದರಲ್ಲಿ ನಾವು ನೋಡುವ ರಸ್ತೆಯ ದೃಶ್ಯಗಳು ನಾರ್ವೆಯಿಂದ ಪ್ರಸಾರ ಮಾಡುತ್ತಿದ್ದ ‘ಡೆಮಾಕ್ರಟಿಕ್ ವಾಯ್ಸ್ ಆಫ್ ಬರ್ಮಾ’ ಎಂಬ ವಾಹಿನಿಗಾಗಿ ದೇಶದೊಳಗೇ ಗುಟ್ಟಾಗಿ ದುಡಿಯುತ್ತಿದ್ದ ಬರ್ಮಾದವರದ್ದೇ. 2007ರ ಆಗಸ್ಟಿನಲ್ಲಿ ಸರ್ಕಾರ ಇಂಧನದ ಬೆಲೆಯನ್ನು ಒಮ್ಮೆಲೇ ಏರಿಸಿತು, ಸೆಪ್ಟೆಂಬರ್ ಮೊದಲ ವಾರ ಪಕೊಕ್ಕು ಎಂಬ ಊರಿನಲ್ಲಿ ಭಿಕ್ಷುಗಳ ಮೇಲೆ ಕೈಮಾಡಲಾಯಿತು, ಆ ಬಳಿಕ ಭಿಕ್ಷುಗಳು ಸೇನೆಯವರ ಭಿಕ್ಷೆ ಒಲ್ಲೆವೆಂದು ಭಿಕ್ಷಾಪಾತ್ರೆ ಬೋರಲು ಹಾಕಿ ಬೀದಿಗಿಳಿದರು. ಆ ದಿನಗಳ ಚಿತ್ರಣ ಅದು.

ಅವರ ಕೈಯಲ್ಲಿ ಇದ್ದದ್ದು ಅಂಗೈಯಲ್ಲಿ ಹಿಡಿಯುವಂಥ ಸಣ್ಣ ಹ್ಯಾಂಡಿಕ್ಯಾಮ್. ಅಂಥದೇ ಒಂದು ನನ್ನ ಬಳಿಯೂ ಇತ್ತು, ಆದ್ದರಿಂದ ಆ ದೃಶ್ಯಗಳಲ್ಲಿ ಏನು ನಡೆಯುತ್ತಿದೆಯೆಂದು ನನ್ನ ಕೈಗೆ ಗೊತ್ತಾಗುತ್ತದೆ. ಕ್ಯಾಮೆರಾವನ್ನು ಕಣ್ಣಿಗೆ ಏರಿಸುವಂತಿಲ್ಲ, ಏರಿಸಿದರೆ ಸಿಕ್ಕಿಬಿದ್ದಂತೆಯೇ. ಸೊಂಟದ ಮಟ್ಟದಲ್ಲಿ, ಕಂಕುಳಿನ ಕೆಳಗೆ, ಇಲ್ಲವೇ ಚೀಲದೊಳಗೆ ಇಟ್ಟುಕೊಂಡು ನಡೆಯಬೇಕು. ಪರದೆ ನೋಡುವ ಹಾಗಿಲ್ಲವಾದ್ದರಿಂದ ಜೂಮನ್ನು ಪೂರ್ತಿ ಹಿಂದಕ್ಕೆ ಎಳೆದು ಅಗಲವಾಗಿ ಇಟ್ಟುಕೊಂಡರೆ ಏನಾದರೂ ಚೌಕಟ್ಟಿನೊಳಗೆ ಬೀಳುತ್ತದೆ. ಫೋಕಸ್ಸು ಆಟೊದಲ್ಲಿ ಇರುತ್ತದೆ. ಚೀಲದ ಅಂಚೋ ಅಂಗಿಯ ಬಟ್ಟೆಯೋ ಮಸೂರದ ಮುಂದೆ ಬಂದ ತಕ್ಷಣ ಯಂತ್ರ ಅದನ್ನೇ ಮುಖ್ಯವೆಂದು ಹಿಡಿದುಕೊಳ್ಳುತ್ತದೆ, ಹಿಂದಿನ ಇಡೀ ಮೆರವಣಿಗೆ ಮಂಜಾಗುತ್ತದೆ, ಒಂದೆರಡು ಕ್ಷಣ ತಡಕಾಡಿ ಮತ್ತೆ ದೂರಕ್ಕೆ ಹೋಗುತ್ತದೆ. ನೆರಳಿನಿಂದ ಬಿಸಿಲಿಗೆ ಬಂದಾಗ ಚಿತ್ರವೆಲ್ಲ ಬೆಳ್ಳಗಾಗಿ ನಿಧಾನವಾಗಿ ಇಳಿಯುತ್ತದೆ. ಜಾತ್ರೆಯ ನೂಕುನುಗ್ಗಲಿನಲ್ಲಿ ನನ್ನ ಚಿತ್ರಣ ಹೀಗಾದಾಗ ಗಿರಾಕಿಗಳ ಮುಂದೆ ತಲೆತಗ್ಗಿಸಿದ್ದೇನೆ. ಬರ್ಮಾದ ದೊಡ್ಡ ನಗರ ಯಾಂಗೊನ್‌ನ ಬೀದಿಯಲ್ಲಿ ಅದೇ ತಪ್ಪು ಆ ಮನುಷ್ಯ ಎಲ್ಲಿ ನಿಂತಿದ್ದಾನೆ, ಯಾರಿಂದ ಎಷ್ಟು ದೂರದಲ್ಲಿದ್ದಾನೆ ಎಂಬ ಸಾಕ್ಷ್ಯವಾಗಿಬಿಡುತ್ತದೆ.

ಇನ್ನೊಂದು ಸಂಗತಿಯನ್ನು ಬಹಳ ಜನ ಗಮನಿಸಿರಲಾರರು. ಅಂಥ ಎಷ್ಟೋ ಕ್ಯಾಮೆರಾಗಳ ಮುಂಭಾಗದಲ್ಲಿ ರೆಕಾರ್ಡಿಂಗ್ ನಡೆಯುತ್ತಿರುವಾಗ ಒಂದು ಸಣ್ಣ ಕೆಂಪು ದೀಪ ಉರಿಯುತ್ತದೆ. ಮದುವೆಮನೆಯಲ್ಲಿ ಅದನ್ನು ನೋಡಿ ಮಕ್ಕಳು ಹತ್ತಿರ ಓಡಿಬರುತ್ತಿದ್ದವು. ಗುಟ್ಟಾಗಿ ತೆಗೆಯುವವರು ಮೊದಲು ಮಾಡಬೇಕಾದ ಕೆಲಸವೆಂದರೆ ಅದರ ಮೇಲೆ ಕಪ್ಪು ಟೇಪು ಅಂಟಿಸುವುದು.

ಓದುಗಿ:

ಹಳೇರೀಲು ಅವರ ವಿವರಣೆಯಿಂದ ನಾನು ಎಷ್ಟೋ ವರ್ಷ ನೋಡಿಯೂ ಕಾಣದಿದ್ದದ್ದು ಕಂಡಂತಾಯಿತು. ಆದರೂ ನನ್ನ ಆಕ್ಷೇಪವನ್ನು ಇಲ್ಲಿ ದಾಖಲಿಸಬೇಕೆನಿಸುತ್ತದೆ. ಶೈಲಿ ಎಂಬುದು ಆಯ್ಕೆಯಿಂದ ಹುಟ್ಟುವುದು. ಮೂರು ಬಗೆಯಲ್ಲಿ ತೆಗೆಯಬಹುದಾದ ದೃಶ್ಯವನ್ನು ಒಬ್ಬರು ಒಂದೇ ಬಗೆಯಲ್ಲಿ ಮತ್ತೆ ಮತ್ತೆ ತೆಗೆದಾಗ ಅದನ್ನು ಅವರ ಶೈಲಿ ಎನ್ನುತ್ತೇವೆ. ಬೇರೆ ದಾರಿಯೇ ಇಲ್ಲದೆ ಚೀಲದೊಳಗಿನಿಂದ ತೆಗೆದದ್ದನ್ನು ಶೈಲಿಯೆಂದು ಹೊಗಳಿದರೆ, ಅವರು ಪಟ್ಟ ಕಷ್ಟವನ್ನು ನಾವು ಅಲಂಕಾರವೆಂದು ಸವಿದಂತೆ ಆಗುವುದಿಲ್ಲವೇ?

ಹ್ಲಾ ಹ್ಲಾ ವಿನ್ ಎಂಬ ಹೆಣ್ಣುಮಗಳ ಪ್ರಕರಣ ನೆನಪಿಸಿಕೊಳ್ಳಿ. ಅದೇ ವಾಹಿನಿಯ ವರದಿಗಾರ್ತಿ, 2009ರ ಸೆಪ್ಟೆಂಬರಿನಲ್ಲಿ ಬಂಧಿತರಾದರು. ಅಕ್ರಮವಾಗಿ ಆಮದು ಮಾಡಿದ ಮೋಟಾರ್‌ಸೈಕಲ್ ಬಳಸಿದರೆಂದು 7 ವರ್ಷ, ಎಲೆಕ್ಟ್ರಾನಿಕ್ಸ್ ಕಾಯ್ದೆಯಡಿ 20 ವರ್ಷ, ಒಟ್ಟು 27 ವರ್ಷಗಳ ಶಿಕ್ಷೆ. 2012ರ ಜನವರಿಯಲ್ಲಿ ಬಿಡುಗಡೆಯಾದರೆಂಬುದು ನಿಜ, ಆದರೆ ಶಿಕ್ಷೆ ಕೇಳಿದ ದಿನ ಅವರಿಗೆ ಅದು ಗೊತ್ತಿರಲಿಲ್ಲ. ಇಂಥವರ ದೃಶ್ಯಗಳ ಮುಂದೆ ಕುಳಿತು ಚೌಕಟ್ಟಿನ ಚೆಲುವನ್ನು ಕುರಿತು ಮಾತನಾಡಲು ನನಗೆ ಮನಸ್ಸು ಬರುವುದಿಲ್ಲ.

ಬೆಳಕಿನಬೇಟೆ:

ಓದುಗಿ ಅವರೇ, ತಮ್ಮ ಮಾತನ್ನು ಎರಡು ದಿನ ಮನಸ್ಸಿನಲ್ಲಿಟ್ಟುಕೊಂಡು ‘ಬರ್ಮಾ ವಿಜೆ’ಯನ್ನು ಮತ್ತೊಮ್ಮೆ ನೋಡಿದೆ. ಚೆಲುವು ಎಂಬ ಪದವನ್ನು ನಾನು ಬಳಸಲಾರೆ, ಅಲ್ಲಿ ತಾವು ಹೇಳಿದ್ದು ಸರಿ. ಆಯ್ಕೆಯೇ ಇರಲಿಲ್ಲ ಎಂಬುದನ್ನು ಮಾತ್ರ ಒಪ್ಪಲಾಗುತ್ತಿಲ್ಲ.

ಮೆರವಣಿಗೆಯ ಮೊದಲ ದಿನಗಳ ದೃಶ್ಯಗಳನ್ನು ಗಮನಿಸಿ. ಭಿಕ್ಷುಗಳಿಗೆ ಕ್ಯಾಮೆರಾ ಹಿಡಿದವನ ಮೇಲೆ ನಂಬಿಕೆ ಇಲ್ಲ, ಗೂಢಚಾರನಿರಬಹುದೆಂಬ ಶಂಕೆ. ಆದ್ದರಿಂದ ಕ್ಯಾಮೆರಾ ದೂರದಲ್ಲಿ, ಪಕ್ಕದಲ್ಲಿ, ಬೆನ್ನ ಹಿಂದೆ ಇದೆ. ಆಮೇಲೆ ಮಫ್ತಿಯವರು ಆತನ ಮೇಲೆ ಎರಗಿದಾಗ ಭಿಕ್ಷುಗಳೇ ಅಡ್ಡ ನಿಂತು ಕಾಯುತ್ತಾರೆ. ಅಲ್ಲಿಂದ ಮುಂದೆ ಚಿತ್ರಣದ ಜಾಗವೇ ಬದಲಾಗುತ್ತದೆ. ಕ್ಯಾಮೆರಾ ಮೆರವಣಿಗೆಯ ಒಳಕ್ಕೆ ಬಂದಿದೆ, ಸುತ್ತಲೂ ಕಡುಗೆಂಪು ಚೀವರಗಳು, ಆ ಬಣ್ಣ ಚೌಕಟ್ಟಿನ ಅಂಚಿನವರೆಗೂ ತುಂಬಿದೆ. ಅದು ಸೆಪ್ಟೆಂಬರ್, ಮಳೆಗಾಲ. ಆಕಾಶ ಬೂದುಬಣ್ಣ, ರಸ್ತೆ ಒದ್ದೆ, ಎಲ್ಲಿಯೂ ಗಟ್ಟಿಯಾದ ನೆರಳಿಲ್ಲ. ಆ ಮಂಕು ಬೆಳಕಿನಲ್ಲಿ ಕಡುಗೆಂಪೊಂದೇ ಎದ್ದು ಕಾಣುತ್ತದೆ. ಮಹಡಿಯ ಮೇಲಿನಿಂದ ತೆಗೆದ ದೃಶ್ಯದಲ್ಲಿ ಭಿಕ್ಷುಗಳು ನಡುವೆ, ಅವರ ಎರಡೂ ಬದಿಗೆ ಕೈಕೈ ಹಿಡಿದು ನಡೆಯುವ ಸಾಮಾನ್ಯ ಜನ. ಹೊಳೆಗೆ ಎರಡು ದಡ ಕಟ್ಟಿದ ಹಾಗೆ. ಒಬ್ಬೊಬ್ಬರ ಮುಖವನ್ನು ಗುರುತಿಸಲಾಗದಷ್ಟು ಎತ್ತರ, ಎಷ್ಟು ಜನ ಸೇರಿದ್ದಾರೆಂದು ಲೋಕಕ್ಕೆ ತಿಳಿಯುವಷ್ಟು ಎತ್ತರ. ಅದಕ್ಕಿಂತ ಒಂದು ಅಂತಸ್ತು ಕೆಳಗಿಳಿದರೆ ಹಲವರು ಸಿಕ್ಕಿಬೀಳುತ್ತಾರೆ, ಒಂದು ಅಂತಸ್ತು ಮೇಲೇರಿದರೆ ಭಿಕ್ಷು ಯಾರು, ಜನ ಯಾರು ಎಂಬುದೇ ತಿಳಿಯುವುದಿಲ್ಲ.

ಎಲ್ಲಿ ನಿಲ್ಲಬೇಕು ಎಂಬುದನ್ನು ಆ ಮನುಷ್ಯ ನಿರ್ಧರಿಸಿದ್ದಾನೆ. ಕ್ಷಣದಲ್ಲಿ ನಿರ್ಧರಿಸಿದ್ದಾನೆ, ಹೆದರಿಕೊಂಡೇ ನಿರ್ಧರಿಸಿದ್ದಾನೆ. ಆ ನಿರ್ಧಾರವನ್ನು ಹೆಸರಿಡದೆ ಬಿಟ್ಟರೆ ಅವರು ಬರಿಯ ಬಲಿಪಶುಗಳಾಗಿ ಉಳಿಯುತ್ತಾರೆ, ಕಸುಬುದಾರರಾಗಿ ಕಾಣುವುದೇ ಇಲ್ಲ. ಅದು ನನಗೆ ಇನ್ನೂ ದೊಡ್ಡ ಅನ್ಯಾಯವೆಂದು ತೋರುತ್ತದೆ.

ಮಸೂರ:

ಚರ್ಚೆ ರಸ್ತೆಯ ಚಿತ್ರಣದಲ್ಲೇ ನಿಂತಿರುವುದರಿಂದ ಬೇರೊಂದು ದಿಕ್ಕನ್ನು ಸೇರಿಸಲು ಬಯಸುತ್ತೇನೆ. ಅನುಮತಿ ಇಲ್ಲದೆ ತೆಗೆದ ಚಿತ್ರವೆಂದರೆ ಅಲುಗಾಡುವ ಚಿತ್ರವೇ ಆಗಬೇಕೆಂದಿಲ್ಲ. ನಿರ್ದೇಶಕ ಮಿಡಿ ಝಡ್ ಅವರ ಕೆಲಸ ಅದಕ್ಕೆ ಸಾಕ್ಷಿ. 1982ರಲ್ಲಿ ಉತ್ತರ ಬರ್ಮಾದ ಲಾಶಿಯೊದಲ್ಲಿ ಚೀನೀ ಮೂಲದ ಮನೆತನದಲ್ಲಿ ಹುಟ್ಟಿ, ಹದಿನಾರನೆಯ ವಯಸ್ಸಿಗೆ ಓದಲೆಂದು ತೈವಾನಿಗೆ ಹೋದವರು. 2011ರ ‘ರಿಟರ್ನ್ ಟು ಬರ್ಮಾ’ದಿಂದ ಮೊದಲಾಗಿ ತಮ್ಮ ಊರಿನ ಕಥೆಗಳನ್ನು ಬೆರಳೆಣಿಕೆಯಷ್ಟು ಮಂದಿಯ ತಂಡ ಕಟ್ಟಿಕೊಂಡು, ಸಣ್ಣ ಕ್ಯಾಮೆರಾದಲ್ಲಿ, ಅಧಿಕೃತ ಪರವಾನಗಿಗೆ ಕಾಯದೆ ತೆಗೆದರು. ಹಾಗಿದ್ದೂ ಅವರ ಚೌಕಟ್ಟು ಬಂಡೆಯಂತೆ ನಿಂತಿರುತ್ತದೆ.

2014ರ ‘ಐಸ್ ಪಾಯ್ಸನ್’ನಲ್ಲಿ ಅಪ್ಪ ಮಗ ಗುಡ್ಡದ ಮೇಲಿನ ಹೊಲದಲ್ಲಿ ಕೆಲಸ ಮಾಡುತ್ತಾರೆ, ಬೆಳೆದದ್ದಕ್ಕೆ ಬೆಲೆಯಿಲ್ಲ. ಹಸುವನ್ನು ಒತ್ತೆಯಿಟ್ಟು ಮಗನಿಗೆ ಬಾಡಿಗೆ ಓಡಿಸಲು ಸ್ಕೂಟರು ಪಡೆಯುತ್ತಾರೆ. ಛಾಯಾಗ್ರಹಣ ತೈವಾನಿನ ಫಾನ್ ಶೆಂಗ್‌ಶಿಯಾಂಗ್ ಅವರದು. ಸಾಲ ಕೇಳುವ, ಒತ್ತೆಯ ಮಾತಾಡುವ ದೃಶ್ಯಗಳಲ್ಲಿ ಕ್ಯಾಮೆರಾ ಒಂದು ಮೂಲೆಯಲ್ಲಿ ಕುಳಿತುಬಿಟ್ಟರೆ ಮಾತು ಮುಗಿಯುವವರೆಗೂ ಏಳುವುದಿಲ್ಲ. ನಡುವೆ ಕತ್ತರಿ ಬೀಳದ ಕಾರಣ ಬಡವನೊಬ್ಬ ಸಾಲ ಕೇಳಲು ಎಷ್ಟು ಹೊತ್ತು ಬಳಸಿ ಬಳಸಿ ಮಾತನಾಡುತ್ತಾನೆಂಬುದನ್ನು ನಾವೂ ಅಷ್ಟೇ ಹೊತ್ತು ಕುಳಿತು ಅನುಭವಿಸಬೇಕು. ಈ ಸ್ಥಿರತೆಗೂ ಒಂದು ವ್ಯಾವಹಾರಿಕ ಕಾರಣ ಇದೆಯೆಂದು ನನ್ನ ಊಹೆ. ಲೈಟು, ಟ್ರಾಲಿ, ಹತ್ತಾರು ಸಹಾಯಕರು ಬಂದರೆ ಊರಿಗೆ ಊರೇ ಸೇರುತ್ತದೆ. ಮೂಲೆಯಲ್ಲಿ ಸುಮ್ಮನೆ ಕುಳಿತ ಸಣ್ಣ ಕ್ಯಾಮೆರಾವನ್ನು ಯಾರೂ ಸಿನಿಮಾ ಎಂದುಕೊಳ್ಳುವುದಿಲ್ಲ.

ಆದರೆ 2018ರ ‘ಫೋರ್ಟೀನ್ ಆ್ಯಪಲ್ಸ್’ ಸಾಕ್ಷ್ಯಚಿತ್ರದಲ್ಲಿ ಕ್ಯಾಮೆರಾ ಹಿಡಿದವರು ಮಿಡಿ ಝಡ್ ಅವರೇ. ನಿದ್ದೆ ಬಾರದ ಗೆಳೆಯನೊಬ್ಬ ಹಳ್ಳಿಯ ವಿಹಾರದಲ್ಲಿ 14 ದಿನ ಭಿಕ್ಷುವಾಗಿದ್ದು, ದಿನಕ್ಕೊಂದು ಸೇಬು ತಿನ್ನಬೇಕೆಂಬ ಹರಕೆಯಂಥ ಸಲಹೆಯ ಕಥೆ. ಅದರಲ್ಲಿ ಒಣನೆಲದ ಹಾದಿಯಲ್ಲಿ ತಲೆಯ ಮೇಲೆ ನೀರು ಹೊತ್ತ ಹೆಂಗಸರ ಹಿಂದೆ ಕ್ಯಾಮೆರಾ ನಡೆಯುತ್ತದೆ, ನಡೆಯುತ್ತಲೇ ಇರುತ್ತದೆ. ದಾರಿ ಸವೆಯುವುದೇ ಇಲ್ಲ. ನೀರು ತರುವ ಶ್ರಮವನ್ನು ಹೇಳಲು ಒಂದು ಮಾತನ್ನೂ ಬಳಸಿಲ್ಲ, ಹೆಜ್ಜೆಯ ಲಯದಲ್ಲೇ ಅದನ್ನು ಅಳೆದು ಕೊಟ್ಟಿದ್ದಾರೆ. ಬೆಳಕಿನಬೇಟೆ ಅವರು ಹೇಳಿದ ‘ಬೆನ್ನಿನ ಚಿತ್ರಣ’ ಇಲ್ಲಿಯೂ ಇದೆ, ಇಲ್ಲಿ ಯಾರಿಂದಲೂ ಅಡಗಬೇಕಾಗಿಲ್ಲದಿದ್ದರೂ.

ತುಂಗಾತಟ:

ಹಿನ್ನೆಲೆಗಾಗಿ ಒಂದಿಷ್ಟು ಹಳೆಯ ಸಂಗತಿ. ಬರ್ಮಾದವರು ತೆಗೆದ ಮೊದಲ ಚಲಿಸುವ ಚಿತ್ರ ಒಂದು ಶವಯಾತ್ರೆಯದು. ಬರ್ಮಾದ ಪರವಾಗಿ ಲಂಡನ್ನಿಗೆ ಹೋಗಿ ವಾದಿಸಿ ಬಂದಿದ್ದ ಟುನ್ ಶೇನ್ ಎಂಬ ನಾಯಕರ ಅಂತಿಮಯಾತ್ರೆಯನ್ನು ಓನ್ ಮೌಂಗ್ ಅವರು ಚಿತ್ರಿಸಿದರು. ಅದೇ ಓನ್ ಮೌಂಗ್ ಅವರ ಮೂಕಿ ಕಥಾಚಿತ್ರ 1920ರ ಅಕ್ಟೋಬರ್ 13ರಂದು ತೆರೆಕಂಡಿತು, ಆ ದಿನವನ್ನೇ ಇಂದಿಗೂ ಮ್ಯಾನ್ಮಾರ್ ಚಲನಚಿತ್ರ ದಿನವೆಂದು ಆಚರಿಸುತ್ತಾರೆ. ಕ್ಯಾಮೆರಾವನ್ನು ಒಂದೇ ಜಾಗದಲ್ಲಿ ನಿಲ್ಲಿಸಿ ತೆಗೆದಿದ್ದರು, ಸಲಕರಣೆ ಸಾಲದಾಗಿತ್ತು, ಆದರೂ ಜನ ಮುಗಿಬಿದ್ದು ನೋಡಿದರು.

ಬರ್ಮಾ 1937ರವರೆಗೂ ಬ್ರಿಟಿಷ್ ಇಂಡಿಯಾದ ಒಂದು ಪ್ರಾಂತವಾಗಿತ್ತೆಂಬುದನ್ನು ನಾವು ಮರೆತಿದ್ದೇವೆ. ಅವರ ಮೊದಲ ಮಾತಿನ ಚಿತ್ರ 1932ರಲ್ಲಿ ತಯಾರಾದದ್ದು ಬೊಂಬಾಯಿಯಲ್ಲಿ. ಎರಡು ವರ್ಷದ ಬಳಿಕ ನಮ್ಮ ‘ಸತಿ ಸುಲೋಚನಾ’ ಕೊಲ್ಹಾಪುರಕ್ಕೆ ಹೋಗಬೇಕಾಗಿ ಬಂದಂತೆಯೇ ಅದು. ಉಳಿದುಬಂದಿರುವ ಅವರ ಅತ್ಯಂತ ಹಳೆಯ ಚಿತ್ರ 1934ರದು, ‘ಪಚ್ಚೆಯ ಕಾಡು’ ಎಂಬ ಅರ್ಥದ ‘ಮ್ಯ ಗನೈಂಗ್’. ಇಟಲಿಯ ಬೊಲೊನ್ಯಾದ ಪ್ರಯೋಗಾಲಯದಲ್ಲಿ ಅದನ್ನು ಸರಿಪಡಿಸಿ 2016ರಲ್ಲಿ ಯಾಂಗೊನ್‌ನಲ್ಲಿ ತೋರಿಸಿದರು. ಆ ನಡುವಿನ ಎಷ್ಟೋ ಚಿತ್ರಗಳು ಸೆಕೆಯಿಂದ, ತೇವದಿಂದ, ಅಲಕ್ಷ್ಯದಿಂದ ಹಾಳಾದವು. ಬರ್ಮಾದ ಛಾಯಾಗ್ರಾಹಕರು ಅನಾಮಿಕರಾಗುವುದಕ್ಕೆ ಸೇನೆಯೊಂದೇ ಕಾರಣವಲ್ಲ, ರೀಲು ಕೊಳೆತರೂ ಹೆಸರು ಹೋಗುತ್ತದೆ.

ಹೆಸರಿನ ಮಾತು ಬಂದದ್ದರಿಂದ ಇನ್ನೊಂದು. ತೈದ್ದಿ ಎಂಬ ಬರ್ಮಾದ ಛಾಯಾಗ್ರಾಹಕರು, ಪ್ರಾಗ್‌ನ ಫಾಮು ಚಲನಚಿತ್ರ ಶಾಲೆಯಲ್ಲಿ ಕಲಿತವರು, ತು ತು ಶೇನ್ ಅವರ ಜೊತೆಗೂಡಿ 2011ರಲ್ಲಿ ಯಾಂಗೊನ್‌ನಲ್ಲಿ ಒಂದು ಚಿತ್ರೋತ್ಸವ ಆರಂಭಿಸಿದರು. ಅದರ ಹೆಸರು ‘ವತ್ತನ್’. ಪಾಲಿಯ ‘ವಸ್ಸಾನ’ದಿಂದ ಬಂದ ಪದ, ಅವರ ನಾಲಿಗೆಯಲ್ಲಿ ಸಕಾರ ತಕಾರದತ್ತ ಹೊರಳಿದೆ. ನಮ್ಮ ‘ವರ್ಷ’ವೇ, ಮಳೆಗಾಲವೇ.

ಓದುಗಿ:

ಬೆಳಕಿನಬೇಟೆ ಅವರ ಮಾತಿಗೆ ನಾನು ಅರ್ಧ ಸೋತಿದ್ದೇನೆಂದು ಒಪ್ಪುತ್ತೇನೆ. ಎತ್ತರದ ಲೆಕ್ಕಾಚಾರದ ವಿಷಯ ನನಗೆ ಹೊಳೆದಿರಲಿಲ್ಲ. ಉಳಿದ ಅರ್ಧವನ್ನು ಹೇಳಲೇಬೇಕು. ‘ಬರ್ಮಾ ವಿಜೆ’ಯಲ್ಲಿ ‘ಜೋಶುವಾ’ ಎಂಬ ಮಾರುಹೆಸರಿನ ಯುವಕ ಥಾಯ್ಲೆಂಡಿನಲ್ಲಿ ಕುಳಿತು ಫೋನಿನಲ್ಲಿ ಗೆಳೆಯರೊಂದಿಗೆ ಮಾತನಾಡುವಂಥ ಭಾಗಗಳನ್ನು ಆಮೇಲೆ ಅಭಿನಯಿಸಿ ತೆಗೆದಿದ್ದಾರೆ. ಕೆಲವು ಭಾಗಗಳು ಮರುಸೃಷ್ಟಿಯೆಂದು ಚಿತ್ರವೇ ಆರಂಭದಲ್ಲಿ ಹೇಳುತ್ತದೆ. ಆದರೆ ಯಾವುದು ಮೂಲ, ಯಾವುದು ಮರುಸೃಷ್ಟಿ ಎಂದು ಆಯಾ ಜಾಗದಲ್ಲಿ ಹೇಳುವುದಿಲ್ಲ. ಬೀದಿಯಲ್ಲಿ ಪ್ರಾಣ ಪಣಕ್ಕಿಟ್ಟವನ ಕೈನಡುಕವೂ, ಆಮೇಲೆ ಹೊಂದಿಸಿ ತೆಗೆದ ಕೈನಡುಕವೂ ಒಂದೇ ಪಟ್ಟಿಯಲ್ಲಿ ಸಾಲುಗೂಡಿದರೆ ಮೊದಲನೆಯದರ ಬೆಲೆ ಕುಗ್ಗುತ್ತದೆ. ಮೂಲ ದೃಶ್ಯ ತೆಗೆದವರಿಗೆ ಹೆಸರಿಲ್ಲವಾದ್ದರಿಂದ ‘ಇದು ನನ್ನದು, ಅದು ನನ್ನದಲ್ಲ’ ಎಂದು ಬಿಡಿಸಿ ಹೇಳುವ ಅವಕಾಶವೂ ಅವರಿಗಿಲ್ಲ.

‘ಮ್ಯಾನ್ಮಾರ್ ಡೈರೀಸ್’ ಈ ವಿಷಯದಲ್ಲಿ ಹೆಚ್ಚು ಪ್ರಾಮಾಣಿಕವೆಂದು ನನಗೆ ಅನಿಸಿತು. ಅಲ್ಲಿ ಅಭಿನಯದ ಭಾಗಗಳು ಹೊಂದಿಸಿದ ಬೆಳಕಿನಲ್ಲಿ, ನಿಧಾನವಾಗಿ, ನಾವು ಅಭಿನಯವೆಂದೇ ಗುರುತಿಸುವಂತೆ ಬರುತ್ತವೆ. ಫೋನಿನ ದೃಶ್ಯಗಳು ತಮ್ಮ ಒರಟುತನದಲ್ಲೇ ಉಳಿದಿವೆ. ರಾಜಧಾನಿ ನೇಪಿಡಾದ ರಸ್ತೆಯಲ್ಲಿ ವ್ಯಾಯಾಮದ ಪಾಠ ಚಿತ್ರಿಸುತ್ತಿದ್ದ ಶಿಕ್ಷಕಿಯ ದೃಶ್ಯ ತಮಗೆಲ್ಲ ನೆನಪಿರಬಹುದು. ಆಕೆ ಸಂಗೀತಕ್ಕೆ ಕೈಕಾಲು ಆಡಿಸುತ್ತಿದ್ದಾಳೆ, ಹಿಂದೆ ಕಪ್ಪು ವಾಹನಗಳ ಸಾಲು ತಡೆಗಟ್ಟೆಯ ಬಳಿ ಬಂದು ನಿಲ್ಲುತ್ತಿದೆ, ಅಧಿಕಾರ ಕೈಬದಲಾಗುತ್ತಿರುವುದು ಆಕೆಗೆ ಗೊತ್ತಿಲ್ಲ. ಆ ಚೌಕಟ್ಟನ್ನು ಯಾರೂ ಹುಡುಕಿಕೊಂಡು ಹೋಗಿ ಕಟ್ಟಿದ್ದಲ್ಲ. ಇನ್ನೊಂದೆಡೆ ರಾತ್ರಿ ಮನೆಯೊಂದಕ್ಕೆ ನುಗ್ಗಿ ತಾಯಿಯನ್ನು ಎಳೆದೊಯ್ಯುವಾಗ ನಮಗೆ ಏನೂ ಸರಿಯಾಗಿ ಕಾಣುವುದಿಲ್ಲ. ಕತ್ತಲು, ಮಗುವಿನ ಕೂಗು. ಅದನ್ನು ಹಿಡಿದವರು ಕ್ಯಾಮೆರಾ ಆರಿಸಲಿಲ್ಲ ಎಂಬುದೇ ಅಲ್ಲಿನ ಛಾಯಾಗ್ರಹಣ.

ಹಳೇರೀಲು:

ಓದುಗಿ ಅವರ ಕೊನೆಯ ಸಾಲು ಓದಿ ಬಹಳ ಹೊತ್ತು ಸುಮ್ಮನೆ ಕುಳಿತಿದ್ದೆ. ಒಂದು ಕ್ಯಾಮೆರಾದ ಕಥೆ ಹೇಳಿ ನನ್ನ ಮಾತು ಮುಗಿಸುತ್ತೇನೆ.

2007ರ ಸೆಪ್ಟೆಂಬರ್ 27ರಂದು ಯಾಂಗೊನ್‌ನ ಸುಲೆ ಪಗೋಡದ ಹತ್ತಿರ ಕೆಂಜಿ ನಾಗಾಯ್ ಎಂಬ ಜಪಾನಿನ ವಿಡಿಯೊ ಪತ್ರಕರ್ತರು ಗುಂಡೇಟಿನಿಂದ ಸತ್ತರು. ನೆಲಕ್ಕೆ ಬಿದ್ದಾಗಲೂ ಕೈಯಲ್ಲಿ ಕ್ಯಾಮೆರಾ ಹಿಡಿದಿದ್ದ ಅವರ ಚಿತ್ರವನ್ನು ರಾಯಿಟರ್ಸ್‌ನ ಆದ್ರೀಸ್ ಲತೀಫ್ ತೆಗೆದರು, ಮರುವರ್ಷ ಅದಕ್ಕೆ ಪುಲಿಟ್ಜರ್ ಬಂದಿತು. ಆ ಛಾಯಾಚಿತ್ರ ಲೋಕಕ್ಕೆಲ್ಲ ಗೊತ್ತು. ಅದೇ ಘಟನೆಯನ್ನು ಮೇಲಿನಿಂದ ವಿಡಿಯೊದಲ್ಲಿ ಹಿಡಿದ ಬರ್ಮಾದವನ ಹೆಸರು ಹೊರಗೆ ಬರಲಿಲ್ಲ. ಸೈನಿಕ ತೀರ ಹತ್ತಿರದಿಂದ ಗುಂಡು ಹಾರಿಸಿದನೆಂದು ತೋರಿಸಿದ್ದು ಆ ವಿಡಿಯೊ. ದಾರಿತಪ್ಪಿ ಬಂದ ಗುಂಡು ಎಂಬ ಸರ್ಕಾರದ ಸಮಜಾಯಿಷಿ ಅದರ ಮುಂದೆ ನಿಲ್ಲಲಿಲ್ಲ. ಆ ದೃಶ್ಯದಲ್ಲಿ ಜನ ಓಡುವುದು, ಒಬ್ಬ ಬೀಳುವುದು, ಎಲ್ಲ ಒಂದೇ ಚೌಕಟ್ಟಿನಲ್ಲಿದೆ. ಹತ್ತಿರಕ್ಕೆ ಎಳೆಯಬೇಕೆಂಬ ಆಸೆಗೆ ಬಿದ್ದು ಜೂಮ್ ಒತ್ತಿದ್ದರೆ ಸೈನಿಕನೋ, ಬಿದ್ದವನೋ, ಇಬ್ಬರಲ್ಲಿ ಒಬ್ಬರು ಹೊರಗೆ ಹೋಗುತ್ತಿದ್ದರು. ನನ್ನಂಥವನ ಬೆರಳು ಖಂಡಿತ ಒತ್ತಿರುತ್ತಿತ್ತು.

ನಾಗಾಯ್ ಅವರ ಕ್ಯಾಮೆರಾ ಅಂದಿನಿಂದ ಕಾಣೆಯಾಗಿತ್ತು. ಹದಿನೈದು ವರ್ಷ ಕಳೆದ ಮೇಲೆ, 2023ರ ಏಪ್ರಿಲ್‌ನಲ್ಲಿ, ಬ್ಯಾಂಕಾಕಿನಲ್ಲಿ ಅದನ್ನು ಅವರ ತಂಗಿಗೆ ಒಪ್ಪಿಸಿದರು. ತಂದುಕೊಟ್ಟವರು ಅದೇ ‘ಡೆಮಾಕ್ರಟಿಕ್ ವಾಯ್ಸ್ ಆಫ್ ಬರ್ಮಾ’ದವರು. ಒಳಗೆ ಟೇಪು ಹಾಗೆಯೇ ಇತ್ತು. ಅದರಲ್ಲಿ ಆ ದಿನದ ರಸ್ತೆ, ಜನ, ಭಿಕ್ಷುಗಳು ಇದ್ದಾರೆ, ಸೇನೆಯ ಲಾರಿಗಳು ಬಂದದ್ದು ಇದೆ. ಕೊನೆಯಲ್ಲಿ ಅವರು ಕ್ಯಾಮೆರಾವನ್ನು ತಮ್ಮತ್ತ ತಿರುಗಿಸಿ ಸೈನಿಕರು ಬಂದರೆಂದು ಹೇಳುತ್ತಾರೆ. ಗುಂಡು ಬೀಳುವ ಮೊದಲೇ ಚಿತ್ರಣ ನಿಂತಿದೆ. ಆ ಟೇಪನ್ನು ಅಷ್ಟು ವರ್ಷ ಯಾರೋ ಬಿಸಿಲು, ತೇವ, ತಪಾಸಣೆ ಎಲ್ಲದರಿಂದ ಕಾಪಾಡಿ ಗಡಿ ದಾಟಿಸಿದ್ದಾರೆ. ಟೇಪು ಕಾಪಾಡುವುದು ಎಷ್ಟು ಕಷ್ಟವೆಂದು ನನಗೆ ಗೊತ್ತು. ನಾನೇ ತೆಗೆದ ಎಷ್ಟೋ ಮದುವೆಗಳ ಟೇಪು ಬೂಷ್ಟು ಹಿಡಿದು ಹೋಗಿವೆ, ನನ್ನದು ಸ್ವಂತ ಮನೆ, ಬಾಗಿಲು ತಟ್ಟಿ ಹುಡುಕಲು ಯಾರೂ ಬರುವವರಿರಲಿಲ್ಲ.

ಬೆಳಕಿನಬೇಟೆ:

ಎಲ್ಲರಿಗೂ ಕೃತಜ್ಞತೆಗಳು. ನಿನ್ನೆ ಕರಪತ್ರವನ್ನು ಮುದ್ರಣಕ್ಕೆ ಕಳುಹಿಸಿದೆ. ಮೊದಲು ‘ಅನಾಮಿಕರು’ ಎಂದು ಬರೆದಿದ್ದೆ. ಓದುಗಿ ಅವರ ಮಾತು ನೆನಪಾಗಿ ಅಳಿಸಿದೆ, ಏಕೆಂದರೆ ಅದು ನಾವು ಅವರಿಗೆ ಇಡುವ ಹೆಸರು. ಅವರೇ ತಮಗೆ ಇಟ್ಟುಕೊಂಡ ಹೆಸರೊಂದು ಇರುವಾಗ ಅದನ್ನೇ ಹಾಕುವುದು ಸರಿಯೆನಿಸಿತು. ನಿರ್ದೇಶನದ ಮುಂದೆ ಒಮ್ಮೆ, ಛಾಯಾಗ್ರಹಣದ ಮುಂದೆ ಮತ್ತೊಮ್ಮೆ, ಎರಡೂ ಕಡೆ ‘ಮ್ಯಾನ್ಮಾರ್ ಫಿಲ್ಮ್ ಕಲೆಕ್ಟಿವ್’ ಎಂದು ಪೂರ್ತಿಯಾಗಿ ಬರೆದಿದ್ದೇನೆ. ಮುದ್ರಣಾಲಯದವರು ಫೋನ್ ಮಾಡಿ ಒಂದೇ ಹೆಸರು ಎರಡು ಸಲ ಬಂದಿದೆ, ಒಂದನ್ನು ತೆಗೆಯಲೇ ಎಂದು ಕೇಳಿದರು. ಬೇಡ, ಹಾಗೆಯೇ ಇರಲಿ ಎಂದೆ.

ಛಾಯಾಗ್ರಾಹಕರ ಬಗ್ಗೆ ಎಂದಿನಂತೆ ಬರೆಯುವ ನಾಲ್ಕು ಸಾಲಿನ ಜಾಗದಲ್ಲಿ ಕೆಂಪು ದೀಪ ಮತ್ತು ಕಪ್ಪು ಟೇಪಿನ ಸಂಗತಿಯನ್ನು ಹಾಕಿದ್ದೇನೆ. ಹಳೇರೀಲು ಅವರು ಅನುಮತಿ ಕೊಡುತ್ತಾರೆಂದು ನಂಬಿದ್ದೇನೆ.